ಬಿದ್ದವರೂ ನಕ್ಕವರೂ

ಮಧ್ಯಾಹ್ನದ ಊಟವಾಗಿ, ಎಂಜಲು ಬಳಿದು, ಪಾತ್ರೆ ತೊಳೆದು ಕವುಚಿ ಹಾಕಿದ ಮೇಲೆ ಸಂಜೆಯ ಕಾಫಿಗೆ ನೀರಿಡುವ ತನಕ ಒಂದು ಗಂಟೆ ಹೊತ್ತು ನನ್ನ ಸ್ವಂತದ್ದು. ಮದುವೆಯಾಗಿ ಬಂದಾಗಿನಿಂದ ಆ ಒಂದು ಗಂಟೆಯನ್ನು ನಾನು ಯಾರಿಗೂ ಬಿಟ್ಟುಕೊಟ್ಟವಳಲ್ಲ. ಹೋದ ಬೇಸಿಗೆ ರಜೆಗೆ ಬಂದ ಒಂಬತ್ತು ವರ್ಷದ ಮೊಮ್ಮಗ ಮಾತ್ರ ಅದನ್ನೂ ಕಸಿದುಕೊಂಡ. ಮಗ್ಗುಲಲ್ಲಿ ಬಂದು ಮಲಗಿ, ಅವರಮ್ಮನ ಮೊಬೈಲು ಹಿಡಿದು, "ಅಜ್ಜಿ, ಇದನ್ನ ನೋಡು" ಎಂದ.

ಕಪ್ಪು ಬಿಳುಪಿನ ಹಳೇ ಚಿತ್ರ, ಮಾತಿಲ್ಲ. ಚಪ್ಪಟೆ ಟೋಪಿಯ ಸಣಕಲು ಮನುಷ್ಯನೊಬ್ಬ ಹೆಂಡತಿಯ ಜೊತೆ ಮನೆ ಕಟ್ಟುತ್ತಾನೆ. ಬಾಗಿಲು ಇರಬೇಕಾದಲ್ಲಿ ಕಿಟಕಿ, ಕಿಟಕಿ ಇರಬೇಕಾದಲ್ಲಿ ಗೋಡೆ. ಗೃಹಪ್ರವೇಶದ ದಿನ ಬಿರುಗಾಳಿ ಎದ್ದು ಮನೆ ಬುಗುರಿಯ ಹಾಗೆ ಗಿರಗಿರ ಸುತ್ತುತ್ತದೆ. ಒಳಗಿದ್ದ ನೆಂಟರೆಲ್ಲ ಒಬ್ಬೊಬ್ಬರಾಗಿ ಹೊರಗೆ ಉದುರುತ್ತಾರೆ. ನಾನು ನಕ್ಕು ನಕ್ಕು ಕಣ್ಣಲ್ಲಿ ನೀರು ತಂದುಕೊಂಡೆ. ಅದು ಮುಗಿದದ್ದೇ ಹುಡುಗ ಬೆರಳಿನಿಂದ ಒಂದು ಸಲ ಸವರಿದ. ಯಾವುದೋ ಊರಿನ ಮದುವೆ ಛತ್ರ ಬಂತು. ವೇದಿಕೆಯ ಮೆಟ್ಟಿಲು ಹತ್ತುತ್ತಿದ್ದ ಮದುಮಗಳು ಸೀರೆ ನೆರಿಗೆ ತುಳಿದು ದಬಕ್ಕನೆ ಬಿದ್ದಳು. ಅವನೂ ನಕ್ಕ, ಅದೇ ಗುಂಗಿನಲ್ಲಿ ನಾನೂ ನಕ್ಕೆ.

"ಅಜ್ಜಿ, ಇವಳು ನಿಜವಾಗ್ಲೂ ಬಿದ್ದಿದ್ದಾ, ಆಕ್ಟಿಂಗಾ?"

"ನಿಜವಾಗ್ಲೂ ಬಿದ್ದಿದ್ದು ಕಣೋ."

"ಹಾಗಾದ್ರೆ ನಾವು ನಗಬಾರ್ದಿತ್ತಾ?"

ಕಾಫಿಗೆ ಹೊತ್ತಾಯಿತು ಎಂದು ಎದ್ದುಬಿಟ್ಟೆ. ಆಗಿನ್ನೂ ಎರಡೂಕಾಲು.

ನನಗೆ ಆ ಹೊತ್ತಿಗೆ ನೆನಪಾದದ್ದು ನಮ್ಮ ಅತ್ತಿಗೆ. 1974ರ ವೈಶಾಖದಲ್ಲಿ ನಮ್ಮಕ್ಕನ ಮದುವೆ. ಮನೆಯ ಅಂಗಳದಲ್ಲೇ ಅಡಿಕೆ ಸೋಗೆಯ ಚಪ್ಪರ. ಅತ್ತಿಗೆ ನಮ್ಮ ಮನೆ ಸೊಸೆಯಾಗಿ ಬಂದು ಎರಡು ವರ್ಷವಾಗಿತ್ತು ಅಷ್ಟೆ. ಬೀಗರ ಪಂಕ್ತಿಗೆ ಪಾಯಸ ಬಡಿಸುವ ಕೆಲಸ ಅವರದು. ಗಸಗಸೆ ಪಾಯಸದ ತುಂಬಿದ ಬಕೀಟು ಹಿಡಿದು ಎರಡನೆಯ ಸಾಲಿಗೆ ತಿರುಗುವಾಗ ಕಾಲಡಿಗೆ ಬಾಳೆಹಣ್ಣಿನ ಸಿಪ್ಪೆ. ಕತೆ ಕಟ್ಟುತ್ತಿದ್ದಾಳೆ ಅಂದುಕೊಳ್ಳಬೇಡಿ. ಊಟದ ಪಂಕ್ತಿಯಲ್ಲಿ ಬಾಳೆಹಣ್ಣಿನ ಸಿಪ್ಪೆಯಲ್ಲದೆ ಇನ್ನೇನು ಬಿದ್ದಿರುತ್ತದೆ? ಅತ್ತಿಗೆಯ ಕಾಲು ಮುಂದಕ್ಕೆ, ದೇಹ ಹಿಂದಕ್ಕೆ, ಬಕೀಟು ಮೇಲಕ್ಕೆ. ಪುಣ್ಯಕ್ಕೆ ಪಾಯಸ ಆರಿತ್ತು. ಅದು ಹೋಗಿ ಸುರಿದದ್ದು ವರನ ಸೋದರಮಾವನ ತಲೆಯ ಮೇಲೆ. ಬೆಳಿಗ್ಗೆಯಿಂದ ಕಾಫಿ ನೀರಾಗಿದೆ, ಚಾಪೆ ಹರಿದಿದೆ, ವಾಲಗದವರು ತಡವಾಗಿ ಬಂದರು ಎಂದು ಹತ್ತು ಕಡೆ ಹುಳುಕು ಹುಡುಕಿ ನಮ್ಮಪ್ಪನ ಜೀವ ಹಿಂಡಿದ್ದ ಮಹಾನುಭಾವ ಅವರು.

ಒಂದು ಕ್ಷಣ ಚಪ್ಪರವೇ ಉಸಿರು ಬಿಗಿಹಿಡಿಯಿತು. ಆಮೇಲೆ ನಗು ಶುರುವಾಯಿತು ನೋಡಿ. ನಮ್ಮ ಕಡೆಯವರು, ಅವರ ಕಡೆಯವರು, ಬಡಿಸುವವರು, ಎಲೆ ಎತ್ತುವವರು ಎಲ್ಲ ನಕ್ಕರು. ಹದಿನೈದು ವರ್ಷದ ನಾನು ಕಂಬ ಹಿಡಿದುಕೊಂಡು ಹೊಟ್ಟೆ ನೋಯುವಷ್ಟು ನಕ್ಕೆ. ಅತ್ತಿಗೆಯೂ ನೆಲದಲ್ಲಿ ಕೂತೇ ನಕ್ಕರು. "ಏನಾಗ್ಲಿಲ್ಲ, ಏನಾಗ್ಲಿಲ್ಲ" ಎನ್ನುತ್ತಾ ಎದ್ದು, ಸೆರಗು ಬಿಗಿದು, ಮತ್ತೊಂದು ಬಕೀಟು ಹಿಡಿದು ಎಡಗೈಯಲ್ಲಿ ಬಡಿಸಿದರು. ಎಡಗೈಯಲ್ಲಿ ಬಡಿಸುತ್ತಿದ್ದಾಳೆ ಎಂದು ಒಬ್ಬ ಅಜ್ಜಿ ಗೊಣಗಿದ್ದೂ ನೆನಪಿದೆ. ರಾತ್ರಿ ಹಾಸಿಗೆ ಸುರುಳಿ ತರಲು ಅಟ್ಟಕ್ಕೆ ಹೋದಾಗ ಅವರು ಕತ್ತಲಲ್ಲಿ ಒಬ್ಬರೇ ಕೂತು ಬಲ ಮಣಿಕಟ್ಟಿಗೆ ಬಟ್ಟೆ ಸುತ್ತಿಕೊಳ್ಳುತ್ತಿದ್ದರು. ಕೈ ಊದಿ ಬದನೆಕಾಯಿಯಾಗಿತ್ತು. "ಯಾರಿಗೂ ಹೇಳ್ಬೇಡ ಮಾರಾಯ್ತಿ, ಮದುವೆ ಮನೆ" ಅಂದರು. ನಾನು ಹೇಳಲಿಲ್ಲ. ನಾಲ್ಕು ದಿನದ ಮೇಲೆ ನಾಟಿ ವೈದ್ಯರ ಹತ್ತಿರ ಕರೆದುಕೊಂಡು ಹೋದರು. ಆ ಕೈ ಮತ್ತೆ ನೆಟ್ಟಗಾಗಲಿಲ್ಲ. ಚಕ್ಕುಲಿ ಒರಳು ತಿರುಗಿಸುವಾಗ ಇವತ್ತಿಗೂ ಅವರು ಎಡಗೈಯನ್ನೇ ಕೇಳಬೇಕು.

ಮೊಮ್ಮಗನ ಪ್ರಶ್ನೆ ನನ್ನನ್ನು ಸುಮ್ಮನೆ ಬಿಡಲಿಲ್ಲ. ರಜೆ ಮುಗಿಯುವುದರೊಳಗೆ ಅವನಿಂದಲೇ ಹಾಕಿಸಿಕೊಂಡು ಆ ಕಾಲದ ತುಂಡು ಚಿತ್ರಗಳನ್ನು ಎಷ್ಟೋ ನೋಡಿದೆ. ಒಂದು ರೀಲು, ಎರಡು ರೀಲು, ಅಂದರೆ ಹತ್ತಿಪ್ಪತ್ತು ನಿಮಿಷದವು. ಅಷ್ಟರಲ್ಲಿ ಅನ್ನ ಬೆಂದಿರುತ್ತದೆ. ಜೊತೆಗೆ ಸಿಕ್ಕಿದ್ದನ್ನು ಓದಿದೆ. ಮೊಟ್ಟಮೊದಲ ನಗೆಚಿತ್ರವೆಂದು ಹೇಳುವುದು ಫ್ರಾನ್ಸಿನ ಲೂಮಿಯೇರ್ ಸಹೋದರರು 1895ರಲ್ಲಿ ಪ್ಯಾರಿಸ್ಸಿನ ಜನಕ್ಕೆ ತೋರಿಸಿದ್ದನ್ನು. ಒಂದು ನಿಮಿಷವೂ ಇಲ್ಲ. ತೋಟದವನೊಬ್ಬ ಪೈಪಿನಲ್ಲಿ ಗಿಡಕ್ಕೆ ನೀರು ಬಿಡುತ್ತಿರುತ್ತಾನೆ. ತುಂಟ ಹುಡುಗ ಹಿಂದಿನಿಂದ ಬಂದು ಪೈಪು ತುಳಿಯುತ್ತಾನೆ. ನೀರು ನಿಂತಿತಲ್ಲ ಎಂದು ಅವನು ತುದಿಯನ್ನು ಮುಖದ ಹತ್ತಿರ ತಂದು ನೋಡುವಾಗ ಹುಡುಗ ಕಾಲು ತೆಗೆಯುತ್ತಾನೆ. ಕೊನೆಗೆ ಹುಡುಗನಿಗೆ ಏಟು ಬೀಳುತ್ತದೆ. ಚಲಿಸುವ ಚಿತ್ರ ಎಂಬ ಹೊಸ ಸೋಜಿಗ ಕಣ್ಣು ಬಿಟ್ಟ ಕೂಡಲೇ ಮನುಷ್ಯ ಅದರಲ್ಲಿ ನೋಡಬಯಸಿದ್ದು ಏನನ್ನು? ಇನ್ನೊಬ್ಬನ ಮುಖಕ್ಕೆ ನೀರು ಹಾರುವುದನ್ನು!

ಆಮೇಲೆ ಅಮೆರಿಕದಲ್ಲಿ ಮ್ಯಾಕ್ ಸೆನೆಟ್ ಎಂಬಾತ 1912ರಲ್ಲಿ ಕೀಸ್ಟೋನ್ ಎಂಬ ಕಂಪೆನಿ ಕಟ್ಟಿ ಇದನ್ನೇ ಕಾರ್ಖಾನೆ ಮಾಡಿದ. ಪೊಲೀಸರು ದಂಡು ದಂಡಾಗಿ ಒಬ್ಬರ ಮೇಲೊಬ್ಬರು ಬೀಳುತ್ತಿದ್ದರು. 1914ರಲ್ಲಿ ಚಾಪ್ಲಿನ್ ಅಲ್ಲಿಗೆ ಬಂದ. ಅಲ್ಲಿ ಮೇಬಲ್ ನಾರ್ಮಂಡ್ ಎಂಬ ಹೆಣ್ಣುಮಗಳು ನಟಿಸುವುದಷ್ಟೇ ಅಲ್ಲ, ಚಿತ್ರಗಳನ್ನು ನಿರ್ದೇಶಿಸುತ್ತಲೂ ಇದ್ದಳು. ಅವಳ ಕೈಕೆಳಗೆ ಕೆಲಸ ಮಾಡುವುದು ಚಾಪ್ಲಿನ್‌ಗೆ ರುಚಿಸಲಿಲ್ಲ, ಜಗಳವೇ ಆಯಿತು. ಅವನ ಹೆಸರು ನಮ್ಮೂರಿನ ಮಕ್ಕಳಿಗೂ ಗೊತ್ತು. ಅವಳು 1930ರಲ್ಲಿ ಕ್ಷಯದಿಂದ ತೀರಿಕೊಂಡಳು. ಅವಳ ಹೆಸರನ್ನು ನಾನೇ ಈ ವಯಸ್ಸಿನಲ್ಲಿ ಕೇಳಿದ್ದು.

ಲಾರೆಲ್ ಮತ್ತು ಹಾರ್ಡಿಯ 1927ರ ಒಂದು ಚಿತ್ರದಲ್ಲಿ ಬಾಳೆಹಣ್ಣಿನ ಸಿಪ್ಪೆ ಬರುತ್ತದೆ, ಅದನ್ನು ಹೇಳದಿದ್ದರೆ ಹೇಗೆ? ವಿಮೆ ಹಣದ ಆಸೆಗೆ ದಡೂತಿಯವನು ಗೆಳೆಯನ ದಾರಿಯಲ್ಲಿ ಸಿಪ್ಪೆ ಎಸೆದರೆ, ಜಾರಿ ಬೀಳುವವನು ಪೈ ಎಂಬ ತಿಂಡಿ ಹೊತ್ತು ತರುತ್ತಿದ್ದ ಬೇರೆಯೇ ಒಬ್ಬ. ಅಲ್ಲಿಂದ ಬೀದಿಗೆ ಬೀದಿಯೇ ಒಬ್ಬರ ಮುಖಕ್ಕೆ ಒಬ್ಬರು ಪೈ ಎರಚುತ್ತದೆ. ಮೂರು ಸಾವಿರ ಪೈ ಬಳಸಿದರೆಂದು ಪ್ರತೀತಿ. ನನಗೆ ನಗುವಿನ ಮಧ್ಯೆಯೂ ಬಂದ ಯೋಚನೆ, ಇದನ್ನೆಲ್ಲ ಆಮೇಲೆ ತೊಳೆದವರು ಯಾರು ಎಂದು. ನಿಮಗೂ ಬರುತ್ತಿತ್ತು.

ಬಿದ್ದವರನ್ನು ಕಂಡು ನಗು ಏಕೆ ಬರುತ್ತದೆ ಎಂದು ತಲೆ ಕೆಡಿಸಿಕೊಂಡವರು ನಾನೊಬ್ಬಳೇ ಅಲ್ಲ. ಬರ್ಗ್‌ಸನ್ ಎಂಬ ಫ್ರೆಂಚ್ ತತ್ವಜ್ಞಾನಿ 1900ರಲ್ಲಿ ನಗುವಿನ ಮೇಲೆ ಒಂದು ಪುಸ್ತಕವನ್ನೇ ಬರೆದ. ಬೀದಿಯಲ್ಲಿ ಓಡುತ್ತಿದ್ದವನು ಎಡವಿ ಬೀಳುತ್ತಾನೆ, ನೋಡಿದವರು ನಗುತ್ತಾರೆ, ಇದೇ ಅವನು ಕೊಡುವ ಉದಾಹರಣೆ. ನಗಬೇಕಾದರೆ ಹೃದಯ ಸ್ವಲ್ಪ ಹೊತ್ತು ಮರಗಟ್ಟಿರಬೇಕು ಎಂಬುದು ಅವನ ಮಾತಿನ ಸಾರ. ಹಲ್ಲು ಕೀಳುವ ಮುಂಚೆ ಡಾಕ್ಟರು ಸೂಜಿ ಚುಚ್ಚುತ್ತಾರಲ್ಲ, ಹಾಗೆ. ನಮ್ಮ ಭರತಮುನಿ ಇನ್ನೂ ಹಿಂದೆಯೇ ನಗುವಿಗೆ ಆರು ಮೆಟ್ಟಿಲು ಮಾಡಿಟ್ಟಿದ್ದಾನೆ. ಹಲ್ಲು ಕಾಣದ ಸ್ಮಿತ, ಆಮೇಲೆ ಹಸಿತ, ಇವು ಉತ್ತಮರವು. ವಿಹಸಿತ, ಉಪಹಸಿತ ಮಧ್ಯಮರವು. ಅಪಹಸಿತ, ಅತಿಹಸಿತ ಅಧಮರವು. ಕಣ್ಣಲ್ಲಿ ನೀರು, ಪಕ್ಕೆ ಹಿಡಿದುಕೊಳ್ಳುವುದು ಎಲ್ಲ ಕೊನೆಯದಕ್ಕೆ ಸೇರುತ್ತದೆ. ಅಂದರೆ 1974ರಲ್ಲಿ ಕಂಬ ಹಿಡಿದುಕೊಂಡ ನಾನು! ಅಷ್ಟಕ್ಕೇ ಬಿಡದೆ, ಹಾಸ್ಯರಸ ಹೆಚ್ಚಾಗಿ ಕಾಣಸಿಗುವುದು ಹೆಂಗಸರಲ್ಲಿ ಮತ್ತು ನೀಚ ಸ್ವಭಾವದವರಲ್ಲಿ ಎಂದೂ ನಾಟ್ಯಶಾಸ್ತ್ರ ಹೇಳುತ್ತದೆ. ನಮ್ಮನ್ನು ಯಾರ ಜೊತೆ ಕೂರಿಸಿದ್ದಾನೆ ನೋಡಿ.

ಹೆಂಗಸಿನ ನಗುವಿನ ಮೇಲೆ ಈ ಸಿಟ್ಟು ಹೊಸದಲ್ಲ. ದುರ್ಯೋಧನ ಮಯಸಭೆಯಲ್ಲಿ ನೆಲವೆಂದುಕೊಂಡು ನೀರಿಗೆ ಬಿದ್ದದ್ದು ಈ ಹಳೇ ತುಂಡು ಚಿತ್ರಗಳಿಗೆ ಹೇಳಿ ಮಾಡಿಸಿದ ಪ್ರಸಂಗ. ಕುರುಕ್ಷೇತ್ರಕ್ಕೆ ದ್ರೌಪದಿಯ ಆ ನಗುವೇ ಕಾರಣ ಎಂದು ಹರಿಕಥೆ ಕೇಳಿ ಬೆಳೆದವಳು ನಾನು. ವ್ಯಾಸರು ಅದನ್ನು ಮೊದಲು ಹೇಳುವಲ್ಲಿ ನಗುವವರು ಭೀಮ, ಅವನ ತಮ್ಮಂದಿರು, ಸೇವಕರು. ದ್ರೌಪದಿ ಹೆಂಗಸರೊಡನೆ ಸೇರಿ ನಕ್ಕಳೆಂಬುದು ಆಮೇಲೆ ದುರ್ಯೋಧನನೇ ಮನೆಗೆ ಹೋಗಿ ತಂದೆಯ ಹತ್ತಿರ ಹೇಳಿಕೊಳ್ಳುವ ದೂರಿನಲ್ಲಿ ಬರುತ್ತದೆ. ಗಂಡಸರ ನಗು ಮರೆತುಹೋಯಿತು, ಅವಳದು ಉಳಿಯಿತು. ಇರಲಿ, ಇದು ಬೇರೆಯೇ ಜಗಳ.

ಸಿನಿಮಾದಲ್ಲಿ ಬಿದ್ದವನನ್ನು ಕಂಡು ನಕ್ಕರೆ ತಪ್ಪಿಲ್ಲ, ನಿಜವಾಗಿ ಬಿದ್ದವರನ್ನು ಕಂಡು ನಗಬಾರದು ಎಂದು ಮೊಮ್ಮಗನಿಗೆ ಹೇಳಿಬಿಡಬಹುದಿತ್ತು. ಮೊದಲು ನಾನೂ ಹಾಗೇ ಅಂದುಕೊಂಡೆ. ಬೀಳುವುದು ಅವನ ಕಸುಬು, ಬೀಳುವುದಕ್ಕೆ ಮುಂಚೆಯೇ ನಮಗೆ ನಗಲು ಅಪ್ಪಣೆ ಕೊಟ್ಟಿದ್ದಾನೆ. ಆದರೆ ಮನೆ ಕಟ್ಟಿದ ಆ ಸಣಕಲು ಮನುಷ್ಯನ ಕತೆ ಓದುತ್ತಾ ಹೋದ ಹಾಗೆ ಈ ಉತ್ತರದ ಕಾಲೂ ಜಾರಿತು.

ಅವನ ಹೆಸರು ಬಸ್ಟರ್ ಕೀಟನ್. ಸಿನಿಮಾ ಹುಟ್ಟಿದ 1895ರಲ್ಲೇ ಹುಟ್ಟಿದವನು. ಅಪ್ಪ ಅಮ್ಮ ಊರೂರು ಸುತ್ತುವ ನಾಟಕದವರು. ಮೂರು ಮಂದಿಯ ಆಟದಲ್ಲಿ ಮಗನ ಪಾಲು ಏನೆಂದರೆ ಅಪ್ಪನನ್ನು ಕೆಣಕುವುದು, ಅಪ್ಪ ಎತ್ತಿ ಎಸೆದರೆ ಹೋಗಿ ಬೀಳುವುದು. ಹಿಡಿದು ಎಸೆಯಲು ಸಲೀಸಾಗಲಿ ಎಂದು ಮಗುವಿನ ಅಂಗಿಯ ಬೆನ್ನಿಗೆ ಸೂಟ್‌ಕೇಸಿನ ಹಿಡಿ ಹೊಲಿದಿದ್ದರಂತೆ. ನೆಲ ಒರೆಸುವ ಬಟ್ಟೆಯ ಹೆಸರಿಟ್ಟು ಆ ಮಗುವನ್ನು ಜಾಹೀರು ಮಾಡುತ್ತಿದ್ದರು. ನ್ಯೂಯಾರ್ಕಿನ ಮಕ್ಕಳ ರಕ್ಷಣೆಯ ಸಂಘದವರು ಬೆನ್ನು ಹತ್ತಿದರು. ಅಧಿಕಾರಿಗಳು ಅಂಗಿ ಬಿಚ್ಚಿಸಿ ಗಾಯ ಹುಡುಕಿದರು, ಸಿಗಲಿಲ್ಲ. ಬೀಳುವುದನ್ನು ಹುಡುಗ ಅಷ್ಟು ಚೆನ್ನಾಗಿ ಕಲಿತಿದ್ದ. ಇನ್ನೊಂದನ್ನೂ ಕಲಿತಿದ್ದ. ಬಿದ್ದು ಎದ್ದಾಗ ತಾನು ನಕ್ಕರೆ ಜನ ಅಷ್ಟಾಗಿ ನಗುವುದಿಲ್ಲ, ಮುಖ ಗಂಟಿಕ್ಕಿಕೊಂಡಿದ್ದರೆ ಹೊಟ್ಟೆ ಹುಣ್ಣಾಗುವಂತೆ ನಗುತ್ತಾರೆ ಎಂದು. ಮುಂದೆ ಲೋಕವೆಲ್ಲ ಮೆಚ್ಚಿದ ಆ ನಗದ ಮುಖ ತಯಾರಾದದ್ದು ಹೀಗೆ. 1917ರ ಹೊತ್ತಿಗೆ ಅಪ್ಪನ ಕುಡಿತ ಮಿತಿಮೀರಿ, ಎಸೆಯುವ ಕೈಯನ್ನು ನಂಬುವಂತಿಲ್ಲ ಎಂದಾದಾಗ ಅವನು ಆಟ ಬಿಟ್ಟು ಸಿನಿಮಾಕ್ಕೆ ಬಂದ.

ಅಪ್ಪ ನನಗೆ ಹಿಂಸೆ ಕೊಟ್ಟಿಲ್ಲ, ಅದೆಲ್ಲ ಆಟ ಎಂದು ಕೀಟನ್ ದೊಡ್ಡವನಾದ ಮೇಲೂ ಹೇಳುತ್ತಿದ್ದ. ನಂಬಬೇಕೋ ಬೇಡವೋ? ಬಿದ್ದವನೇ "ಏನಾಗ್ಲಿಲ್ಲ" ಅಂದರೆ ನಕ್ಕವರ ಲೆಕ್ಕ ಚುಕ್ತಾ ಆಯಿತೇ? 1924ರ ಒಂದು ಚಿತ್ರದಲ್ಲಿ ರೈಲಿಗೆ ನೀರು ತುಂಬುವ ತೊಟ್ಟಿಯ ನೀರು ರಭಸದಿಂದ ಮೇಲೆ ಬಿದ್ದು ಅವನ ಕತ್ತಿನ ಮೂಳೆ ಮುರಿಯಿತು. ಅದು ಅವನಿಗೆ ತಿಳಿದದ್ದು ಎಷ್ಟೋ ವರ್ಷದ ನಂತರ, ಬೇರೇನಕ್ಕೋ ಡಾಕ್ಟರು ಎಕ್ಸ್‌ರೇ ತೆಗೆದಾಗ. ಆ ದೃಶ್ಯ ಚಿತ್ರದಲ್ಲಿ ಹಾಗೇ ಇದೆ. ನಾವು ನಗುತ್ತಿರುವುದು ಕತ್ತು ಮುರಿಯುತ್ತಿರುವ ಮನುಷ್ಯನನ್ನು ನೋಡಿ. ಕನ್ನಡಕದ ಹೆರಾಲ್ಡ್ ಲಾಯ್ಡ್ ಎಂಬ ಇನ್ನೊಬ್ಬ, 1919ರಲ್ಲಿ ಫೋಟೋಕ್ಕೆಂದು ಹಿಡಿದಿದ್ದ ಬಾಂಬು ನಿಜಕ್ಕೂ ಸಿಡಿದು ಬಲಗೈಯ ಹೆಬ್ಬೆರಳು, ತೋರುಬೆರಳು ಕಳೆದುಕೊಂಡ. ಕೈಗೆ ಚೀಲ ತೊಟ್ಟು ಅದನ್ನು ಮರೆಮಾಚಿ, ಆಮೇಲೂ ಗೋಡೆ ಹತ್ತಿ ನಗಿಸಿದ. ನಟನೆ ಎಲ್ಲಿ ಮುಗಿಯಿತು, ನಿಜ ಎಲ್ಲಿ ಶುರುವಾಯಿತು, ಹೇಳಿ.

ಅದರ ಮೇಲೆ ಇವು ಮೂಕಿ ಚಿತ್ರಗಳು. ಥೇಟರಿನಲ್ಲಿ ಪಿಯಾನೋ ಬಾರಿಸುತ್ತಿದ್ದರಂತೆ, ಆದರೆ ಬಿದ್ದವನ ಸದ್ದು ಮಾತ್ರ ಯಾರಿಗೂ ಕೇಳಿಸುತ್ತಿರಲಿಲ್ಲ. ಅಯ್ಯೋ ಎನ್ನುವುದು, ಮೂಳೆ ಲಟಕ್ಕೆನ್ನುವುದು, ಉಸಿರು ಸಿಕ್ಕಿಹಾಕಿಕೊಳ್ಳುವುದು ಯಾವುದೂ ಇಲ್ಲ. ನಮ್ಮ ಮನೆಗಳಲ್ಲಿ ನೋವು ಗೊತ್ತಾಗುವುದೇ ಸದ್ದಿನಿಂದ. ಬಚ್ಚಲಿನಲ್ಲಿ ಚೊಂಬು ಬಿದ್ದ ಸದ್ದಿಗೂ, ಅತ್ತೆಯವರು ಬಿದ್ದ ಸದ್ದಿಗೂ ಇರುವ ಅಂತರ ಒಲೆಯ ಮುಂದೆ ನಿಂತವಳಿಗೆ ಎದೆಯಲ್ಲೇ ತಿಳಿಯುತ್ತದೆ. ಸದ್ದು ತೆಗೆದುಬಿಟ್ಟರೆ ಉಳಿಯುವುದು ಕೈಕಾಲು ಆಡಿದ ಚೆಂದ ಮಾತ್ರ. ಅಕ್ಕನ ಮದುವೆಯ ದಿನ ಬಕೀಟು ಬಿದ್ದದ್ದು ಕೇಳಿಸಿತು, ನಮ್ಮ ನಗು ಕೇಳಿಸಿತು. ಅತ್ತಿಗೆಯ ಮಣಿಕಟ್ಟಿನ ಸದ್ದು ಕೇಳಿಸಲಿಲ್ಲ. ಕೇಳಿಸಿದ್ದರೆ ನಗುತ್ತಿದ್ದೆನೇ? ಇಲ್ಲವೆಂದೇ ಈವರೆಗೆ ನನಗೆ ನಾನು ಹೇಳಿಕೊಂಡು ಬಂದಿದ್ದೇನೆ.

ಚಾಪ್ಲಿನ್ 1964ರಲ್ಲಿ ಬಂದ ತನ್ನ ಆತ್ಮಕತೆಯಲ್ಲಿ ಒಂದು ಘಟನೆ ಹೇಳುತ್ತಾನೆ. ಲಂಡನ್ನಿನಲ್ಲಿ ಅವನು ಹುಡುಗನಾಗಿದ್ದಾಗ ಅವರ ಬೀದಿಯ ಕೊನೆಗೆ ಕಸಾಯಿಖಾನೆ. ಒಂದು ದಿನ ಕುರಿಯೊಂದು ತಪ್ಪಿಸಿಕೊಂಡು ಬೀದಿಗೆ ಓಡಿಬಂತು. ಹಿಡಿಯಲು ಹೋದವರು ಮುಗ್ಗರಿಸುವುದು, ಕುರಿ ಅತ್ತಿತ್ತ ನೆಗೆಯುವುದು ನೋಡಿ ಎಲ್ಲರ ಜೊತೆ ಅವನೂ ಬಿದ್ದು ಬಿದ್ದು ನಕ್ಕ. ಕುರಿ ಸಿಕ್ಕಿತು, ವಾಪಸು ಎಳೆದುಕೊಂಡು ಹೋದರು. ಆಗ ಅದನ್ನು ಎಲ್ಲಿಗೆ ಕರೆದೊಯ್ಯುತ್ತಿದ್ದಾರೆ ಎಂಬುದು ಹುಡುಗನಿಗೆ ಹೊಳೆಯಿತು. ಅವರು ಅದನ್ನು ಕೊಲ್ಲುತ್ತಾರೆ ಎಂದು ಅಳುತ್ತಾ ಅಮ್ಮನ ಹತ್ತಿರ ಓಡಿದ. ತನ್ನ ಚಿತ್ರಗಳಲ್ಲಿ ನಗುವೂ ದುಃಖವೂ ಕೂಡಿ ಬಂದದ್ದು ಅಲ್ಲಿಂದಲೇ ಇರಬಹುದೇ ಎಂದು ಅವನೇ ಕೇಳಿಕೊಳ್ಳುತ್ತಾನೆ. ನನಗೆ ಇಲ್ಲಿ ಕಾಡುವುದು ಅವನು ಅತ್ತದ್ದಲ್ಲ. ಕುರಿ ಮೊದಲಿನಿಂದಲೂ ಪ್ರಾಣಭಯದಿಂದಲೇ ಓಡುತ್ತಿತ್ತು. ನಗುವಾಗ ಇದ್ದ ಕುರಿಯೇ ಅಳುವಾಗಲೂ ಇದ್ದದ್ದು. ಹುಡುಗ ನಿಂತಿದ್ದ ಜಾಗ ಮಾತ್ರ ಬೇರೆಯಾಯಿತು. ಹಾಗಂತ ಮೊದಲ ನಗು ಸುಳ್ಳು ಎಂದು ಚಾಪ್ಲಿನ್ ಎಲ್ಲೂ ಹೇಳುವುದಿಲ್ಲ. ಮುಂದೆ ಅವನು ಅದೇ ನಗುವನ್ನು ಹಿಡಿದು ಪೊಲೀಸನನ್ನು, ಹೊಟ್ಟೆ ಬೆಳೆದ ಸಾಹುಕಾರನನ್ನು ಬೀಳಿಸಿದ. 1917ರಲ್ಲಿ ವಲಸೆ ಬರುವ ಬಡವರ ಮೇಲೆ ಮಾಡಿದ ತುಂಡು ಚಿತ್ರದಲ್ಲಿ, ಜನರನ್ನು ದನದಂತೆ ಹಗ್ಗ ಕಟ್ಟಿ ತಡೆಯುವ ಅಧಿಕಾರಿಗೆ ಹಿಂದಿನಿಂದ ಒಂದು ಒದೆ ಕೊಡುತ್ತಾನೆ. ಆ ಒದೆಗೆ ನಗದವರ ಜೊತೆ ನನಗೆ ಮಾತು ಬೇಡ.

ಅಂದರೆ ಯಾರು ಬಿದ್ದರು ಎಂಬುದೂ ಲೆಕ್ಕಕ್ಕೆ ಬರುತ್ತದೆ. ಸೋದರಮಾವನ ತಲೆಯ ಮೇಲೆ ಪಾಯಸ ಬಿದ್ದದ್ದಕ್ಕೆ ನಾನು ಈಗಲೂ ನಗಬಲ್ಲೆ, ಪಶ್ಚಾತ್ತಾಪ ಎಳ್ಳಷ್ಟೂ ಇಲ್ಲ. ಅತ್ತಿಗೆ ಬಿದ್ದದ್ದಕ್ಕೆ ನಾಚಿಕೆ. ಆದರೆ ಅವತ್ತು ಎರಡೂ ಒಂದೇ ಕ್ಷಣದಲ್ಲಿ ಆಯಿತಲ್ಲ! ಒಂದು ನಗುವಿನಲ್ಲಿ ಯಾವುದು ಯಾರ ಪಾಲು ಎಂದು ಅಕ್ಕಿಯಿಂದ ಕಲ್ಲು ಆರಿಸಿದ ಹಾಗೆ ಆರಿಸುವುದು ಹೇಗೆ?

ಶ್ರಾವಣದಲ್ಲಿ ಅತ್ತಿಗೆ ಹದಿನೈದು ದಿನ ಇರಲು ಬಂದರು. ಈಗ ಅವರಿಗೂ ವಯಸ್ಸಾಯಿತು. ಅಣ್ಣ ಹೋಗಿ ಆರು ವರ್ಷ. ಒಂದು ಸಂಜೆ ಅವರೆಕಾಳು ಇಸುಕುತ್ತಾ ಕೂತಿದ್ದಾಗ ಕೇಳಿಯೇಬಿಟ್ಟೆ.

"ಅತ್ತಿಗೆ, ಅಕ್ಕನ ಮದುವೇಲಿ ಬಿದ್ರಲ್ಲ, ಅಷ್ಟು ನೋವಾಗಿದ್ರೂ ಯಾಕೆ ನಕ್ರಿ?"

ಅವರು ಕಾಳು ಬಿಟ್ಟು ನನ್ನ ಮುಖ ನೋಡಿದರು. "ನಗದೆ? ಮದುವೆ ಮನೇಲಿ ಹೊಸ ಸೊಸೆ ಅಳೋಕಾಗತ್ತೇನೆ?"

ಇದೇ ಉತ್ತರವನ್ನು ನಾನು ಇಷ್ಟು ವರ್ಷ ಅವರ ಬಾಯಲ್ಲಿ ಇಟ್ಟಿದ್ದೆ. ಗಂಟಲು ಕಟ್ಟಿತು. ತಪ್ಪಾಯಿತು ಎಂದೇನೋ ಹೇಳಲು ಹೊರಟೆ. ಅಷ್ಟರಲ್ಲಿ ಅವರ ಭುಜ ಅಲುಗತೊಡಗಿತು. ಅಳುತ್ತಿದ್ದಾರೆ ಅಂದುಕೊಂಡೆ.

"ಅಲ್ವೇ, ಆ ಮಾವನ ಕಿವಿ ಸಂದೀಲಿ ಒಂದು ದ್ರಾಕ್ಷಿ ಕೂತಿತ್ತು, ನೀನು ನೋಡಿದ್ಯಾ? ನಂಗೆ ನೆಲದ ಮೇಲಿಂದ ಅದೇ ಕಾಣಿಸ್ತಿತ್ತು. ಕೈ ಕಿತ್ತು ಬರೋ ಹಾಗೆ ನೋಯ್ತಿತ್ತು, ಆ ದ್ರಾಕ್ಷಿ ನೋಡಿ ನಗೂನೂ ತಡೆಯೋಕಾಗ್ಲಿಲ್ಲ." ನಗುತ್ತಾ ನಗುತ್ತಾ ಅವರಿಗೆ ಕೆಮ್ಮು ಬಂತು. ಆಮೇಲೆ ಸುಧಾರಿಸಿಕೊಂಡು, "ನೀವೆಲ್ಲ ನಕ್ಕಿದ್ದಕ್ಕೆ ನಂಗೇನೂ ಬೇಜಾರಿಲ್ಲ. ರಾತ್ರಿ ನೀನು ಮೇಲೆ ಬಂದು ನೋಡ್ಕೊಂಡು, ಮತ್ತೆ ಕೆಳಗೆ ಹೋಗಿ ಎಲ್ಲರ ಜೊತೆ ಹಾಡು ಹೇಳೋಕೆ ಕೂತ್ಯಲ್ಲ, ಅದು ಸ್ವಲ್ಪ ನೆನಪಿದೆ" ಅಂದರು.

ನೀವೇ ಯಾರಿಗೂ ಹೇಳಬೇಡ ಅಂದಿರಲ್ಲ ಎನ್ನುವ ಮಾತು ನಾಲಿಗೆಯ ತುದಿಗೆ ಬಂದಿತ್ತು. ಹೇಳಲಿಲ್ಲ. ಹೇಳಬೇಡ ಅಂದಿದ್ದರು ನಿಜ, ಕೂತುಕೋಬೇಡ ಅಂದಿರಲಿಲ್ಲ. ನಲವತ್ತು ಐವತ್ತು ವರ್ಷ ನಾನು ತಪ್ಪನ್ನು ಬೇರೆಯೇ ಡಬ್ಬದಲ್ಲಿ ಹುಡುಕುತ್ತಿದ್ದೆ.

ಆ ರಾತ್ರಿ ಊಟವಾದ ಮೇಲೆ ನನ್ನ ಮೊಬೈಲಿನಲ್ಲೇ, ಮೊಮ್ಮಗ ಹೇಳಿಕೊಟ್ಟ ಹಾಗೆ ಒತ್ತಿ, ಕೀಟನ್ನನ ಆ ಮನೆ ಕಟ್ಟುವ ಚಿತ್ರ ಹಾಕಿದೆ. 1920ರದು. ಹೊಸದಾಗಿ ಮದುವೆಯಾದವರಿಗೆ ಉಡುಗೊರೆಯಾಗಿ ಬಂದ ಮನೆಯ ಬಿಡಿಭಾಗಗಳ ಪೆಟ್ಟಿಗೆಗಳ ನಂಬರನ್ನು ಹೊಟ್ಟೆಕಿಚ್ಚಿನವನೊಬ್ಬ ತಿದ್ದಿಬಿಟ್ಟಿರುತ್ತಾನೆ. ಅತ್ತಿಗೆಗೆ ಮೊದಲು ಇಷ್ಟವಾದದ್ದು ಆ ಹೆಂಡತಿ. ಸಿಬಿಲ್ ಸೀಲಿ ಎಂಬ ನಟಿ. ಅವಳು ಬಾಗಿಲಲ್ಲಿ ನಿಂತು ಕಣ್ಣೊರೆಸಿಕೊಳ್ಳುವವಳಲ್ಲ, ಗಂಡನ ಸಮಕ್ಕೆ ದುಡಿಯುತ್ತಾಳೆ, ಅವನ ಜೊತೆಗೇ ಬೀಳುತ್ತಾಳೆ. ಮನೆಯನ್ನು ತಪ್ಪು ಸೈಟಿನಲ್ಲಿ ಕಟ್ಟಿದ್ದಾರೆಂದು ಆಮೇಲೆ ಗೊತ್ತಾಗಿ, ಮನೆಯನ್ನೇ ಎಳೆದುಕೊಂಡು ಹೊರಡುತ್ತಾರೆ. ಅದು ರೈಲು ಹಳಿಯ ಮೇಲೆ ಸಿಕ್ಕಿಹಾಕಿಕೊಳ್ಳುತ್ತದೆ. ದೂರದಲ್ಲಿ ರೈಲು. ಇಬ್ಬರೂ ಕಣ್ಣು ಮುಚ್ಚಿಕೊಳ್ಳುತ್ತಾರೆ. ರೈಲು ಪಕ್ಕದ ಹಳಿಯಲ್ಲಿ ಸರ್ರನೆ ಹೋಗಿಬಿಡುತ್ತದೆ.

"ಸದ್ಯ" ಎಂದು ಅತ್ತಿಗೆ ನಿಟ್ಟುಸಿರುಬಿಟ್ಟರು. ಅಷ್ಟರಲ್ಲಿ ಆಚೆ ಕಡೆಯಿಂದ ಇನ್ನೊಂದು ರೈಲು ಬಂದು ಮನೆಯನ್ನು ಪುಡಿಪುಡಿ ಮಾಡಿ ಹೋಯಿತು.

ಅತ್ತಿಗೆ "ಅಯ್ಯಯ್ಯೋ" ಎಂದು ಬಾಯಿಯ ಮೇಲೆ ಕೈ ಇಟ್ಟುಕೊಂಡರು. ಬೆರಳ ಸಂದಿಯಿಂದ ನಗು ಹೊರಗೆ ಬರುತ್ತಿತ್ತು. ಪರದೆಯಲ್ಲಿ ಗಂಡ ಮನೆ ಮಾರಾಟಕ್ಕಿದೆ ಎಂಬ ಬೋರ್ಡನ್ನು ಆ ರಾಶಿಗೆ ಸಿಕ್ಕಿಸಿ, ಹೆಂಡತಿಯ ಕೈ ಹಿಡಿದುಕೊಂಡು ನಡೆದ. ನಾನು ಮೊಬೈಲು ಎಡಗೈಗೆ ಬದಲಾಯಿಸಿ, ಅತ್ತಿಗೆಯ ಬಲ ಮಣಿಕಟ್ಟನ್ನು ನನ್ನ ತೊಡೆಯ ಮೇಲೆ ಇಟ್ಟುಕೊಂಡು, ಕೊಬ್ಬರಿ ಎಣ್ಣೆಯ ಬಟ್ಟಲನ್ನು ಹತ್ತಿರಕ್ಕೆ ಎಳೆದುಕೊಂಡೆ.

"ಇನ್ನೊಂದ್ಸಲ ಹಾಕೇ, ಗಾಳೀಲಿ ಮನೆ ತಿರುಗೋದು" ಎಂದರು.